ಕನಕಪ್ಪನ ಹಲಗೆ ಗೋಡೆ

ಕುರ್ಡಿಯ ಕುರುಬರ ಕನಕಪ್ಪ ಕುರಿ ಬಿಟ್ಟು ಮೋಟಾರು ಹಿಡಿದದ್ದು ಆ ಊರಿನಲ್ಲಿ ಬಹಳ ದಿನ ಮಾತಾಗಿತ್ತು. ಮಾನ್ವಿಯಿಂದ ರಾಯಚೂರಿಗೆ ಹೋಗುವ ಬಸ್ಸೊಂದು ಊರ ಹತ್ತಿರ ಕೆಟ್ಟು ನಿಂತಾಗ ನೀರು ತಂದುಕೊಡಲು ಹೋದ ಹುಡುಗ ಸಂಜೆ ಅದೇ ಬಸ್ಸು ಹತ್ತಿ ಹೋಗಿಬಿಟ್ಟ. ಅವನ ತಾಯಿ ಬೂದೆಮ್ಮ ಹಟ್ಟಿಯ ಬಾಗಿಲಲ್ಲಿ ನಿಂತು ಕುರಿ ಎಣಿಸಿಕೊಂಡಳು, ಮಗನನ್ನು ಎಣಿಸುವುದು ಮರೆತಳು ಎಂದು ಊರವರು ನಗುತ್ತಿದ್ದರು. ಕನಕಪ್ಪ ಮೊದಲು ಬಸ್ಸು ಒರೆಸಿದ, ಆಮೇಲೆ ಚಕ್ರ ಬಿಚ್ಚಿ ಹಾಕುವುದು ಕಲಿತ, ಡ್ರೈವರನಿಗೆ ಚಳಿಜ್ವರ ಬಂದ ಒಂದು ದಿನ ತಾನೇ ಸ್ಟೇರಿಂಗ್ ಹಿಡಿದ. ಕೈ ಸ್ಥಿರವಾಗಿತ್ತು, ಬಾಯಿ ಕಡಿಮೆ. ಇಂಥವನೇ ಬೇಕಾಗಿತ್ತು ರಾಯಚೂರಿನ ವಿಠ್ಠಲರಾವ್ ವಕೀಲರಿಗೆ. ಅವರು ಕಾರು ಕೊಂಡ ವರ್ಷವೇ ಕನಕಪ್ಪ ಅವರ ಡ್ರೈವರನಾದ.

ವಕೀಲರ ಮನೆ ಟೀನ್ ಕಂದೀಲು ಚೌಕದ ಹಿಂದಿನ ಓಣಿಯಲ್ಲಿತ್ತು. ಹಿತ್ತಲಿನ ಕೊನೆಗೆ ಕಾರಿಗೆಂದು ಒಂದು ಮೋಟಾರುಖಾನೆ ಕಟ್ಟಿಸಿದ್ದರು. ಕಟ್ಟಿಗೆಯ ಕಂಬ ನೆಟ್ಟು ಮೂರು ಕಡೆಗೂ ಮೇಲಕ್ಕೂ ತಗಡು ಬಡಿದು, ಓಣಿಯ ಕಡೆಗೆ ಎರಡು ದೊಡ್ಡ ಬಾಗಿಲು ಇಟ್ಟಿದ್ದರು. ಕಾರು ನಿಂತ ಮೇಲೂ ಹಿಂದೆ ಒಂದಿಷ್ಟು ಜಾಗ ಉಳಿಯುತ್ತಿತ್ತು. ಅಲ್ಲಿ ಗೋಣಿ ಪರದೆ ಕಟ್ಟಿಕೊಂಡು ಕನಕಪ್ಪ ಇರತೊಡಗಿದ. ದೇವದುರ್ಗದ ಕಡೆಯ ಜಂಬಮ್ಮನನ್ನು ಮದುವೆಯಾದಾಗ ಅವಳನ್ನೂ ಅಲ್ಲಿಗೇ ಕರೆದುಕೊಂಡು ಬಂದ.

ಜಂಬಮ್ಮ ಕುರಿಗಾರರ ಮಗಳು. ಬಯಲಲ್ಲಿ ಬೆಳೆದವಳು. ಆ ತಗಡಿನ ಮನೆಯಲ್ಲಿ ಅವಳು ಎರಡು ಬೇಸಿಗೆ ಕಳೆದಳು. ವಕೀಲರಿಗೆ ಆಗ ಕೈತುಂಬ ಕೆಲಸ. ಇಂದು ಗುಲಬರ್ಗಾ, ನಾಳೆ ಹೈದರಾಬಾದು ಎಂದು ತಿರುಗುತ್ತಿದ್ದರು. ಕನಕಪ್ಪ ಹೋದರೆ ಯಾವಾಗ ಬರುತ್ತಾನೆಂಬುದು ಅವನಿಗೇ ತಿಳಿಯುತ್ತಿರಲಿಲ್ಲ. ಊರಲ್ಲಿದ್ದ ದಿನಗಳಲ್ಲೂ ಹಗಲೆಲ್ಲ ಕಚೇರಿಯ ಬೇವಿನ ಮರದ ಕೆಳಗೆ ಟಾಂಗಾದವರ ಜೊತೆ ಕೂತಿರುತ್ತಿದ್ದ. ಓಣಿಯಲ್ಲಿ ಅರ್ಧ ಜನ ಉರ್ದು ಆಡುವವರು, ಉಳಿದವರು ತೆಲುಗು. ಕನ್ನಡ ಆಡುವ ವಕೀಲರ ಮನೆಯಲ್ಲಿ ಮಡಿಯ ಕಟ್ಟು. ಎರಡನೆಯ ಬೇಸಿಗೆಯಲ್ಲಿ ಅಣ್ಣ ಅಮಾತೆಪ್ಪ ಏನೋ ಕೆಲಸಕ್ಕೆ ರಾಯಚೂರಿಗೆ ಬಂದಾಗ ಜಂಬಮ್ಮ ಅವನ ಜೊತೆ ಹೊರಟು ನಿಂತಳು. ಕನಕಪ್ಪನಿಗೆ ಅವಳು ಹೇಳಿದ್ದು ಇಷ್ಟೇ: ಈ ಮನೆಯಲ್ಲಿ ತಾನು ಇರಲಾರೆ, ಮೋಟಾರು ಬಿಟ್ಟು ಊರಿಗೆ ಬಂದರೆ ಅವನ ಜೊತೆ ಎಲ್ಲಿಯಾದರೂ ಇದ್ದೇನು. ಮಳೆ ಬಿದ್ದ ಮೇಲೆ ತಾನಾಗಿ ಬರುತ್ತಾಳೆ ಎಂದುಕೊಂಡು ಕನಕಪ್ಪ ಬಾಗಿಲು ತೆಗೆದು ಕಾರು ಹೊರಗೆ ತಂದ. ವಕೀಲರು ಅಂದು ಯಾದಗಿರಿಗೆ ಹೋಗಬೇಕಾಗಿತ್ತು.

ಮಳೆ ಬಿತ್ತು, ಅವಳು ಬರಲಿಲ್ಲ. ಬಂದು ಕರೆದುಕೊಂಡು ಹೋಗು ಎಂದು ಅಮಾತೆಪ್ಪ ಸಂತೆಗೆ ಬಂದವರ ಕೈಲಿ ಹೇಳಿ ಕಳಿಸುತ್ತಿದ್ದ. ಪ್ರತಿ ಸಲವೂ ಕನಕಪ್ಪ, ಈ ಪ್ರವಾಸ ಮುಗಿಯಲಿ, ಹೋಗುತ್ತೇನೆ ಎನ್ನುತ್ತಿದ್ದ.

ಪ್ರವಾಸ ಮುಗಿದದ್ದು ಬೇರೆ ರೀತಿಯಲ್ಲಿ. ಯುದ್ಧ ಬಂದು ಪೆಟ್ರೋಲು ರೇಷನ್ನಿಗೆ ಹೋಯಿತು. ಅದರ ಮರುವರ್ಷ ವಕೀಲರಿಗೆ ಲಕ್ವಾ ಹೊಡೆದು ಬಲಗೈ, ಬಲಗಾಲು ಬಿದ್ದುಹೋದವು. ಮಾತು ತೊದಲಾಯಿತು. ಅವರ ಹೆಂಡತಿ ಜಯಾಬಾಯಿ ಕಾರನ್ನು ಮಾರಲು ಒಪ್ಪಲಿಲ್ಲ. ರಾಯರು ಎದ್ದ ಮೇಲೆ ಬೇಕಾಗುತ್ತದೆ ಎಂದರು. ಕನಕಪ್ಪ ಕಾರನ್ನು ಇಟ್ಟಿಗೆಯ ಮೇಲೆ ಎತ್ತಿ ನಿಲ್ಲಿಸಿದ. ಮನೆಗೆ ನೀರು ಹೊರುವುದು, ಹಕೀಮರನ್ನು ಕರೆತರುವುದು, ಇವೇ ಅವನ ಕೆಲಸವಾದವು.

ಹೀಗಾಗಿ ಆ ವರ್ಷದ ಬೇಸಿಗೆಯ ಮಧ್ಯಾಹ್ನವನ್ನು ಕನಕಪ್ಪ ಮೊದಲನೆಯ ಬಾರಿಗೆ ಮೋಟಾರುಖಾನೆಯೊಳಗೆ ಕಳೆದ. ರಾಯಚೂರಿನ ಚೈತ್ರ, ವೈಶಾಖ ಹೊರಗೇ ತಡೆಯಲು ಆಗದು. ಒಳಗೆ ತಗಡು ನಾಲ್ಕೂ ಕಡೆಯಿಂದ ಹೆಂಚಿನಂತೆ ಕಾಯುತ್ತಿತ್ತು. ಕಾರಿನ ಬಣ್ಣ ಗುಳ್ಳೆ ಎದ್ದಿತು. ಮಡಕೆಯ ನೀರು ಬಿಸಿಯಾಯಿತು. ಕಾರಿನ ಹಿಂದಿನ ಸೀಟಿನಲ್ಲಿ ಮಲಗಲು ಹೋಗಿ ಬೆನ್ನು ಸುಟ್ಟುಕೊಂಡು ಎದ್ದ. ಪರದೆಯ ಆಚೆ ಜಂಬಮ್ಮ ರೊಟ್ಟಿ ಬಡಿಯುತ್ತಿದ್ದ ಜಾಗವನ್ನು ನೋಡುತ್ತ ಕೂತ. ಎರಡು ಬೇಸಿಗೆ ಅವಳು ಇದರಲ್ಲಿ ಹೇಗಿದ್ದಳು ಎಂಬ ಪ್ರಶ್ನೆ ಅವನಿಗೆ ಆವರೆಗೆ ಬಂದಿರಲೇ ಇಲ್ಲ. ಬಂದ ಮೇಲೆ ಹೋಗಲಿಲ್ಲ.

ಸ್ಟೇಷನ್ ರಸ್ತೆಯಲ್ಲಿ ಸತ್ತಾರ್ ಸಾಬ್ ಎಂಬ ಬಡಗಿಯ ಅಂಗಡಿ ಇತ್ತು. ಗಂಜ್ ಪೇಟೆಯ ಅಕ್ಕಿ ಗಿರಣಿಗಳಿಗೆ ರೈಲಿನಲ್ಲಿ ಯಂತ್ರಗಳು ಬರುತ್ತಿದ್ದ ದೊಡ್ಡ ಕಟ್ಟಿಗೆ ಪೆಟ್ಟಿಗೆಗಳನ್ನು ಅವನು ಒಡೆದು, ಆ ಹಲಗೆಗಳಿಂದ ಕಪಾಟು, ತೊಟ್ಟಿಲು ಮಾಡುತ್ತಿದ್ದ. ಕನಕಪ್ಪ ಹೋಗಿ, ಮೋಟಾರುಖಾನೆಯ ತಗಡಿನ ಮೇಲೆ ಹೊರಗಿನಿಂದ ಕಟ್ಟಿಗೆ ಪಟ್ಟಿ ಹೊದಿಸಬೇಕು ಎಂದ. ಪೆಟ್ಟಿಗೆ ಇಳಿಸಿ ಒಡೆಯುವ ಕೆಲಸ ತಾನು ಮಾಡಿಕೊಡುವುದು, ಉಳಿದ ತುಂಡು ಹಲಗೆಗಳನ್ನು ತಾನು ಒಯ್ಯುವುದು ಎಂದು ಮಾತಾಯಿತು. ಯಾಕೆ ಎಂದು ಸತ್ತಾರ್ ಸಾಬ್ ಕೇಳಿದಾಗ ಕಾರಿಗೆ ಎಂದ. ಜಯಾಬಾಯಿಯ ಅಪ್ಪಣೆ ಕೇಳುವಾಗಲೂ ಅದನ್ನೇ ಹೇಳಿದ. ಬಣ್ಣ ಹೋಗುತ್ತದೆ, ರಬ್ಬರು ಸೀಳುತ್ತದೆ ಎಂದ. ಆಕೆ ಒಳಗೆ ಹೋಗಿ ಹಾಸಿಗೆಯಲ್ಲಿದ್ದ ಗಂಡನನ್ನು ಕೇಳಿ ಬಂದು, ರಾಯರು ಆಗಲಿ ಅಂದರು ಎಂದು ಹೇಳಿದರು.

ದಸರೆ ಕಳೆದ ಮೇಲೆ ಕೆಲಸ ಶುರುವಾಯಿತು. ಮೊದಲ ಮಗ್ಗುಲಿಗೆ ಕನಕಪ್ಪ ತನಗೆ ತೋಚಿದಂತೆ ಪಟ್ಟಿಗಳನ್ನು ತಗಡಿಗೆ ಒತ್ತಿ ಮೊಳೆ ಹೊಡೆದ. ಒಂದು ಭಾನುವಾರ ಸತ್ತಾರ್ ಸಾಬ್ ನೋಡಲು ಬಂದ. ಗೋಡೆಯ ಮೇಲೆ ಕೈಯಿಟ್ಟು ತಲೆ ಅಲ್ಲಾಡಿಸಿದ.

"ಅರೆ ಕನಕಪ್ಪ, ತಗಡಿಗೆ ಹಲಿಗಿ ಅಂಟಿಸಿದ್ರ ಏನು ಫಾಯ್ದಾ? ತಗಡು ಕಾದಂಗ ಅದೂ ಕಾಯ್ತದ. ನಡುವ ಗಾಳಿ ಆಡಬೇಕು."

ಆಮೇಲೆ ಇಬ್ಬರೂ ಕೂಡಿ ಬಡಿದದ್ದನ್ನೆಲ್ಲ ಕಿತ್ತರು. ಕಂಬ ಇದ್ದಲ್ಲೆಲ್ಲ ದಪ್ಪ ಪಟ್ಟಿಯೊಂದನ್ನು ನೆಟ್ಟಗೆ ನಿಲ್ಲಿಸಿ ಬಡಿದರು. ಆ ನಿಂತ ಪಟ್ಟಿಗಳ ಮೇಲೆ ತೆಳು ಹಲಗೆಗಳನ್ನು ಅಡ್ಡಡ್ಡ ಇಡುತ್ತ ಬಂದರು. ಕೆಳಗಿನಿಂದ ಹಿಡಿದು ಮೇಲಿನವರೆಗೆ, ಮೇಲಿನ ಹಲಗೆಯ ಅಂಚು ಕೆಳಗಿನದರ ಮೇಲೆ ಬೆರಳಷ್ಟು ಬರುವಂತೆ ಇಟ್ಟರೆ ಮಳೆ ನೀರು ಒಳಗೆ ಹೋಗದೆ ಜಾರಿ ಹೋಗುತ್ತದೆ. ಬುಡದಲ್ಲಿ ನೆಲ ಮುಟ್ಟದಂತೆ ಒಂದು ಗೇಣು ಬಿಟ್ಟರು. ಮಾಡಿನ ಕೆಳಗೂ ಸಂದು ಬಿಟ್ಟರು. ಕೆಳಗಿನಿಂದ ಬಂದ ಗಾಳಿ ತಗಡಿಗೂ ಹಲಗೆಗೂ ನಡುವೆ ಏರಿ, ಕಾದ ಮೇಲೆ ಮಾಡಿನ ಕೆಳಗಿನಿಂದ ಹೊರಗೆ ಹೋಗಬೇಕು. ಒಂದು ಮಗ್ಗುಲು ಹೀಗೆ ಮಾಡಿ ತೋರಿಸಿ ಸತ್ತಾರ್ ಸಾಬ್ ತನ್ನ ಕೆಲಸಕ್ಕೆ ಹೋದ. ಉಳಿದದ್ದನ್ನು ಕನಕಪ್ಪ ಒಬ್ಬನೇ ಮಾಡಿದ.

ಆ ಚಳಿಗಾಲ ಅವನು ಯಾರೊಂದಿಗೂ ಹೆಚ್ಚು ಮಾತಾಡಲಿಲ್ಲ. ಬೆಳಿಗ್ಗೆ ನೀರು ಹೊತ್ತು ಹಾಕಿ ಹಲಗೆಯ ಮುಂದೆ ಕೂರುತ್ತಿದ್ದ. ಪೆಟ್ಟಿಗೆಯ ಹಲಗೆಗಳ ಮೇಲೆ ಓದಲು ಬಾರದ ಅಕ್ಷರಗಳು ಇರುತ್ತಿದ್ದವು. ಅವು ಹೋಗುವವರೆಗೆ ರಂದಾ ಹೊಡೆದು ಹೆರೆಯುತ್ತಿದ್ದ. ಗೆದ್ದಲು ಹತ್ತಬಾರದೆಂದು ಹಳೆಯ ಇಂಜಿನ್ ಎಣ್ಣೆಯನ್ನು ಬಟ್ಟೆಯಲ್ಲಿ ಅದ್ದಿ ಎರಡೂ ಮಗ್ಗುಲಿಗೆ ಸವರುತ್ತಿದ್ದ. ಹಲಗೆ ಕಪ್ಪಗೆ, ಕುರಿಯ ಮೈಯಂತೆ ಹೊಳೆಯುತ್ತಿತ್ತು. ಕೊನೆಯ ಮಗ್ಗುಲಿಗೆ ಕಟ್ಟಿಗೆ ಸಾಲದೆ ಬಂತು. ಅವನು ಕೆಲಸ ಕಲಿತ ಆ ಹಳೆಯ ಮಾನ್ವಿ ಬಸ್ಸು ಕೆಟ್ಟು ಒಂದು ಬಯಲಲ್ಲಿ ಬಿದ್ದಿತ್ತು. ಅದರ ಮಾಲೀಕನನ್ನು ಕೇಳಿ ಸೀಟಿನ ಸಾಗುವಾನಿ ಪಟ್ಟಿಗಳನ್ನು ಬಿಚ್ಚಿಕೊಂಡು ಬಂದ. ಜನ ಕೂತು ಕೂತು ನುಣುಪಾದ ಪಟ್ಟಿಗಳು ಅವು. ರಂದಾ ಹೊಡೆಯಬೇಕಾಗಲಿಲ್ಲ.

ಯುಗಾದಿಯ ಹೊತ್ತಿಗೆ ಗೋಡೆ ಮುಗಿಯಿತು. ಬಿಸಿಲು ಏರಿದ ಮೇಲೆ ಕನಕಪ್ಪ ಒಳಗೆ ಹೋಗಿ ತಗಡಿನ ಮೇಲೆ ಅಂಗೈ ಇಟ್ಟ. ಮಾಡು ಕಾದಿತ್ತು, ನಿಜ. ಗೋಡೆಯ ಮೇಲೆ ಮಾತ್ರ ಕೈ ಇಟ್ಟುಕೊಂಡೇ ಇರಬಹುದಾಗಿತ್ತು. ಆ ಮಾಡಿನ ಮೇಲೂ ಜೋಳದ ದಂಟು ಹರಡಿದ. ಕಾರನ್ನು ಇಟ್ಟಿಗೆಯಿಂದ ಇಳಿಸಿ ಬಾಗಿಲಿನ ಕಡೆಗೆ ಸರಿಸಿ ಹಿಂದಿನ ಜಾಗವನ್ನು ದೊಡ್ಡದು ಮಾಡಿದ. ಗೋಣಿ ಪರದೆ ತೆಗೆದುಹಾಕಿ, ಉಳಿದ ಹಲಗೆಯಲ್ಲಿ ತಡಿಕೆ ನಿಲ್ಲಿಸಿದ. ನೆಲ ಸಾರಿಸಿದ. ಮಾರನೆಯ ದಿನ ಜಯಾಬಾಯಿಗೆ ಹೇಳಿ ದೇವದುರ್ಗಕ್ಕೆ ಹೊರಟ.

ಪೆಟ್ರೋಲು ಸಿಗದ್ದರಿಂದ ಇದ್ದಿಲಿನ ಹೊಗೆಯಲ್ಲಿ ಓಡುವ ಬಸ್ಸು ಅದು. ಏರು ಬಂದಾಗಲೆಲ್ಲ ಜನ ಇಳಿದು ನೂಕಬೇಕು. ದೇವದುರ್ಗದಲ್ಲಿ ಇಳಿದು ಅಮಾತೆಪ್ಪನ ಹಟ್ಟಿಗೆ ನಡೆದು ಮುಟ್ಟುವಾಗ ಹೊತ್ತು ಇಳಿದಿತ್ತು. ಅಮಾತೆಪ್ಪ ಕಂಬಳಿ ಹಾಸಿ ಕೂರಿಸಿದ, ನೀರು ಕೊಟ್ಟ, ಮಳೆ ಬೆಳೆ ಕೇಳಿದ. ಜಂಬಮ್ಮ ಕಾಣಲಿಲ್ಲ. ಕನಕಪ್ಪ ತಾನು ಮನೆ ಸರಿಮಾಡಿದ್ದನ್ನು ಹೇಳಿದ. ತಗಡಿನ ಮೇಲೆ ಕಟ್ಟಿಗೆ ಹೊದಿಸಿದ್ದು, ಈಗ ಒಳಗೆ ತಂಪಿರುವುದು, ಎಲ್ಲವನ್ನೂ ಹೇಳಿದ. ಅಷ್ಟು ಉದ್ದ ಅವನು ಎಂದೂ ಮಾತಾಡಿರಲಿಲ್ಲ. ಅಮಾತೆಪ್ಪ ನೆಲ ನೋಡುತ್ತ ಕೇಳಿದ.

"ತಡಾ ಮಾಡಿದಿ ಕನಕಪ್ಪ," ಎಂದ. "ಹೇಳಿ ಕಳಿಸಿ ಕಳಿಸಿ ಸಾಕಾತು. ಹಿರೇರು ಕುಂತು ಬಿಡಿಸಿದ್ರು. ದೀಪಾವಳಿ ಮುಂದ ಆಕಿಗಿ ಉಡಿಕಿ ಆತು."

ಮೊದಲ ಗಂಡನನ್ನು ಬಿಟ್ಟವಳು ಹಿರಿಯರ ಮುಂದೆ ಇನ್ನೊಬ್ಬ ತಂದ ಸೀರೆ ಉಟ್ಟು ಅವನ ಮನೆ ಸೇರುವುದು ಅವರಲ್ಲಿ ತಪ್ಪಲ್ಲ. ಕನಕಪ್ಪನಿಗೆ ಜಗಳ ಮಾಡಲು ಕಾರಣವೂ ಇರಲಿಲ್ಲ. ದೀಪಾವಳಿಯ ಹೊತ್ತಿಗೆ ತಾನು ಮೊದಲ ಮಗ್ಗುಲಿನ ಹಲಗೆ ಕಿತ್ತು ಮತ್ತೆ ಬಡಿಯುತ್ತಿದ್ದುದು ನೆನಪಾಯಿತು. ಅವಳು ಸೇರಿದ ಮನುಷ್ಯ ಹೇಗಿದ್ದಾನೆ ಎಂದು ಕೇಳಿದ.

"ಮಾಳಿಂಗಪ್ಪ ಅಂತ. ಚಲೋ ಅದಾನ," ಎಂದ ಅಮಾತೆಪ್ಪ. "ಕುರಿ ಹಿಂದ ಎಲ್ಲಿಗಿ ಹೋದ್ರೂ ಆಕಿನ್ನ ಕರಕೊಂಡ ಹೋಗತಾನ."

ಅವರು ಬಡಿಸಿದ್ದನ್ನು ಉಂಡು, ಅಲ್ಲಿಯೇ ಮಲಗಿ, ಬೆಳಿಗ್ಗೆ ಕನಕಪ್ಪ ತಿರುಗಿ ಬಂದ. ಜಯಾಬಾಯಿ ಕೇಳಿದಾಗ, ಅವರ ಕಡೆ ಕೆಲಸ ಬಹಳ ಇದೆ, ಈಗ ಕಳಿಸುವುದಿಲ್ಲವಂತೆ ಎಂದುಬಿಟ್ಟ. ಆಕೆ ಮತ್ತೆ ಕೇಳಲಿಲ್ಲ. ಸತ್ತಾರ್ ಸಾಬ್‌ಗೆ ಮಾತ್ರ ನಿಜ ಹೇಳಿದ. ಕಾರಿಗೆಂದು ಹೇಳಿ ಕಟ್ಟಿದ ಗೋಡೆ ಕೊನೆಗೆ ಕಾರಿಗೇ ಆಯಿತು ಎಂದು ಕನಕಪ್ಪ ತಾನೇ ನಗಲು ನೋಡಿದ. ಸತ್ತಾರ್ ಸಾಬ್ ನಗಲಿಲ್ಲ. ಬೀಡಿ ಹಚ್ಚಿ ಅವನ ಕೈಗೆ ಕೊಟ್ಟ.

ಮರುವರ್ಷ ಬೇಸಿಗೆಯಲ್ಲಿ, ಒಂದು ಮಧ್ಯಾಹ್ನ ಓಣಿಯ ಬಾಗಿಲನ್ನು ಯಾರೋ ತಟ್ಟಿದರು. ಕನಕಪ್ಪ ತೆಗೆದು ನೋಡಿದರೆ ಜಂಬಮ್ಮ ನಿಂತಿದ್ದಳು. ಕಂಕುಳಲ್ಲಿ ಸಣ್ಣ ಕೂಸು, ಬಿಸಿಲಿಗೆ ಕಣ್ಣು ತೇಲಿಸುತ್ತಿತ್ತು. ಹಿಂದೆ ಕಂಬಳಿಯ ಹೊರೆ ಹೊತ್ತ ಎತ್ತರದ ಮನುಷ್ಯ. ಗಂಜ್ ಪೇಟೆಗೆ ಕಂಬಳಿ ಮಾರಲು ಬಂದವರು. ಕೂಸಿನ ಮೈ ಕಾದದ್ದು ನೋಡಿ, ಊರಲ್ಲಿ ತನಗೆ ಗೊತ್ತಿದ್ದ ಒಂದೇ ಮನೆಗೆ ಜಂಬಮ್ಮ ಬಂದಿದ್ದಳು. ಮಾಳಿಂಗಪ್ಪ ಹೊರೆ ಇಳಿಸದೆ ಅಲ್ಲೇ ನಿಂತು, "ಯಣ್ಣಾ, ಕೂಸಿಗಿ ಆಸರ ಆಗಿ ಬಾಯಿ ಒಣಗ್ಯಾದ. ಒಂದೀಟು ನೆಳ್ಳು ಕೊಡು," ಎಂದ. ಒಳಗೆ ಬಾ ಎಂದು ಕನಕಪ್ಪ ಅವನ ಹೊರೆಗೆ ಕೈಕೊಟ್ಟು ಇಳಿಸಿದ.

ಕೂಸನ್ನು ಸಾರಿಸಿದ ನೆಲದ ಮೇಲೆ ಒದ್ದೆ ಬಟ್ಟೆ ಹಾಸಿ ಮಲಗಿಸಿದರು. ಕನಕಪ್ಪ ಹೊಸ ಮಡಕೆಯ ನೀರು ಕೊಟ್ಟ. ಬೆಲ್ಲ ಕದಡಿ ಹನಿ ಹನಿಯಾಗಿ ಕುಡಿಸಿದ ಮೇಲೆ ಕೂಸು ಕಣ್ಣು ಬಿಟ್ಟು ಅತ್ತಿತು, ಆಮೇಲೆ ನಿದ್ದೆ ಹೋಯಿತು. ಮಾಳಿಂಗಪ್ಪ ಗೋಡೆಯನ್ನು ತಟ್ಟಿ ನೋಡಿದ, ಹೊರಗೆ ಹೋಗಿ ಹಲಗೆಯ ಸಂದಿನಲ್ಲಿ ಕೈ ಹಾಕಿ ನೋಡಿದ, ಹೇಗೆ ಮಾಡಿದ್ದೆಂದು ಕೇಳಿ ತಿಳಿದುಕೊಂಡ. ಕನಕಪ್ಪ ಎಲ್ಲವನ್ನೂ ಹೇಳಿದ. ಅವನನ್ನು ದ್ವೇಷಿಸಲು ಕನಕಪ್ಪನಿಗೆ ಆಗಲಿಲ್ಲ. ಆಗಿದ್ದರೆ ಹಗುರ ಇರುತ್ತಿತ್ತೇನೋ. ಬಿಸಿಲು ತುಸು ಇಳಿದ ಮೇಲೆ ಮಾಳಿಂಗಪ್ಪ ಕಂಬಳಿ ಹೊತ್ತು ಪೇಟೆಗೆ ಹೋದ. ಕೂಸು ಏಳಲಿ, ತಾನು ಬಂದು ಕರೆದೊಯ್ಯುತ್ತೇನೆ ಎಂದ.

ಓಣಿಯ ಬಾಗಿಲು ಹಾರುಹೊಡೆದಂತೆ ತೆರೆದಿತ್ತು. ಕನಕಪ್ಪ ಹೊಸ್ತಿಲಲ್ಲಿ ಕೂತ. ಜಂಬಮ್ಮ ಒಳಗೆ ಕೂಸಿನ ಪಕ್ಕದಲ್ಲಿ ಗೋಡೆಗೆ ಬೆನ್ನು ಕೊಟ್ಟು ಕೂತಿದ್ದಳು. ಯಾವಾಗ ಮಾಡಿದ್ದು ಇದನ್ನು ಎಂದು ಕೇಳಿದಳು. ನೀನು ಬರಲಿ ಎಂದು, ಹೋದ ವರ್ಷ ಎಂದ ಕನಕಪ್ಪ. ಹೇಳಬಾರದೆಂದುಕೊಂಡಿದ್ದ ಮಾತು ಬಾಯಿಗೆ ಬಂದುಬಿಟ್ಟಿತು. ಬಿಸಿಲಿಗೆ ಅಂಜಿ ನೀನು ಹೋದದ್ದು ನನಗೆ ಆಗ ತಿಳಿಯಲಿಲ್ಲ ಎಂದೂ ಅಂದ.

ಜಂಬಮ್ಮ ತಿರುಗಿ ಅವನನ್ನು ನೋಡಿದಳು. ಸಿಟ್ಟೇನೂ ಇರಲಿಲ್ಲ ಅವಳ ಮುಖದಲ್ಲಿ.

"ಬಿಸಲಿಗಿ ನಾ ಯಾಕ ಅಂಜಲಿ? ಕುರಿ ಕಾದಾಕಿ ನಾ," ಎಂದಳು. "ನೀ ಇರತಿದ್ದಿಲ್ಲ. ಇದ್ದಾಗೂ ಮಾತಾಡತಿದ್ದಿಲ್ಲ. ದಿನ್ನಾ ಹೊತ್ತು ಮುಳಗತನಾ ಈ ತಗಡು ನೋಡಕೋತ ಕುಂದ್ರತಿದ್ದೆ. ನನ್ನ ಹೆಸರು ಹಿಡದು ಕರಿಯೋರು ಒಬ್ಬರು ಇದ್ದಿಲ್ಲ ಇಲ್ಲಿ."

ಓಣಿಯಲ್ಲಿ ಒಬ್ಬ ಮಣ್ಣಿನ ಗಡಿಗೆ ಹೇರಿದ ಕತ್ತೆಗಳನ್ನು ಹೊಡೆದುಕೊಂಡು ಹೋದ. ಅವು ದಾಟಿ ಹೋಗುವವರೆಗೂ ಕನಕಪ್ಪ ನೋಡಿದ. ಆಮೇಲೆ, ಹೌದು ಎಂದ. ಅಷ್ಟೇ. ಜಂಬಮ್ಮ ಕೂಸಿನ ಮೇಲಿನ ನೊಣ ಓಡಿಸುತ್ತ, ಅವನ ತಾಯಿ ಬೂದೆಮ್ಮ ಹೇಗಿದ್ದಾಳೆ ಎಂದು ಕೇಳಿದಳು. ಕಣ್ಣು ಮಂಜಾಗಿದೆ ಎಂದು ಅವನು ಹೇಳಿದ. ಹೋಗಿ ನೋಡಿ ಬಂದೆಯಾ ಎಂದಳು. ಇಲ್ಲ ಎಂದ. ಹೊತ್ತು ಇಳಿಯುವಾಗ ಮಾಳಿಂಗಪ್ಪ ಬಂದು ಇಬ್ಬರನ್ನೂ ಕರೆದುಕೊಂಡು ಹೋದ. ಹೋಗುವಾಗ ಒಂದು ಕಂಬಳಿಯನ್ನು ಕಾರಿನ ಮೇಲೆ ಇಟ್ಟು ಹೋಗಿದ್ದ. ಕನಕಪ್ಪ ನೋಡಿದ್ದು ಆಮೇಲೆ.

ಆ ವಾರವೇ ಕುರ್ಡಿಗೆ ಹೋದ. ಬೂದೆಮ್ಮ ಅವನ ಮುಖವನ್ನು ಕೈಯಿಂದ ಸವರಿ ಗುರುತು ಹಿಡಿದಳು. ತಿಂಗಳಿಗೊಮ್ಮೆ ಹೋಗತೊಡಗಿದ. ಎರಡು ವರ್ಷದ ಮೇಲೆ ಅವಳು ತೀರಿಕೊಂಡಳು.

ವಿಠ್ಠಲರಾಯರು ಏಳಲೇ ಇಲ್ಲ. ಯುದ್ಧ ಮುಗಿದ ಮರುವರ್ಷ ಹೋದರು. ಮಕ್ಕಳಿಲ್ಲದ ಮನೆ. ಜಯಾಬಾಯಿ ಒಬ್ಬರೇ ಉಳಿದರು. ಆಮೇಲೆ ನಲವತ್ತೆಂಟರ ಗಲಾಟೆ ಬಂತು, ಹೈದರಾಬಾದು ಸಂಸ್ಥಾನ ಹೋಯಿತು. ಆ ದಿನಗಳಲ್ಲಿ ಸತ್ತಾರ್ ಸಾಬ್ ಮನೆಯವರನ್ನು ಕರೆದುಕೊಂಡು ಹೈದರಾಬಾದಿನ ನೆಂಟರಲ್ಲಿಗೆ ಹೋದ. ಹೋಗುವ ಮುಂಚೆ ಹೇಳಲು ಬಂದಿದ್ದನಂತೆ. ಕನಕಪ್ಪ ಜಯಾಬಾಯಿಯ ತಮ್ಮನನ್ನು ಕರೆತರಲು ಮಾನ್ವಿಗೆ ಹೋಗಿದ್ದ. ಊರು ತಣ್ಣಗಾದ ಮೇಲೆ ಬಹಳ ದಿನ ಸ್ಟೇಷನ್ ರಸ್ತೆಗೆ ಹೋದಾಗಲೆಲ್ಲ ಆ ಅಂಗಡಿಯ ಕಡೆ ನೋಡುತ್ತಿದ್ದ. ಕೊನೆಗೆ ಅಲ್ಲಿ ಬೇರೆಯವರು ಚಹದ ಹೋಟೆಲು ಇಟ್ಟರು.

ಕಾರನ್ನು ಒಬ್ಬ ಗುತ್ತಿಗೆದಾರ ಕೊಂಡ. ಇಷ್ಟು ವರ್ಷ ನಿಂತ ಗಾಡಿಯ ಬಣ್ಣ ಇಷ್ಟು ಚೆನ್ನಾಗಿ ಉಳಿದದ್ದು ಹೇಗೆ ಎಂದು ಅವನು ಆಶ್ಚರ್ಯಪಟ್ಟ. ನೀನೂ ಬಾ ಎಂದು ಕನಕಪ್ಪನನ್ನು ಕರೆದ. ಕನಕಪ್ಪ ಹೋಗಲಿಲ್ಲ. ಸರಕಾರಿ ಬಸ್ಸಿನಲ್ಲಿ ಡ್ರೈವರಿಕೆ ಸಿಕ್ಕಿತು. ಬೆಳಿಗ್ಗೆ ಗಿಲ್ಲೆಸುಗೂರಿಗೆ, ಮಧ್ಯಾಹ್ನ ಮಾನ್ವಿಗೆ ಹೋಗಿ ಸಂಜೆಗೆ ತಿರುಗಿ ಬರುತ್ತಿದ್ದ. ಮೋಟಾರುಖಾನೆ ಬಿಟ್ಟುಕೊಡಲೇ ಎಂದು ಕೇಳಿದಾಗ ಜಯಾಬಾಯಿ, ನೀನು ಹೋದರೆ ಹಿತ್ತಲಿನಲ್ಲಿ ದೀಪ ಹಚ್ಚುವವರು ಯಾರು ಎಂದರು. ಕಾರು ನಿಂತಿದ್ದ ಜಾಗ ಖಾಲಿ ಬಿದ್ದಿತ್ತು. ಒಬ್ಬನಿಗೆ ಅದು ಬಹಳ ದೊಡ್ಡ ಮನೆ.

ವರ್ಷಕ್ಕೊಮ್ಮೆ, ರಜೆ ಹಾಕಿ ಗೋಡೆಗೆ ಎಣ್ಣೆ ಸವರುತ್ತಿದ್ದ. ಅಂಥ ಒಂದು ದಿನ ಜಯಾಬಾಯಿ ತಲೆಯ ಮೇಲೆ ಸೆರಗು ಎಳೆದುಕೊಂಡು ಹಿತ್ತಲಿನ ಕಟ್ಟೆಗೆ ಬಂದು ಕೂತರು. ಹನ್ನೆರಡು ವರ್ಷ ಆಕೆ ಅವನಿಗೆ ಹೇಳಿದ್ದು ನೀರು ತಾ, ಹಕೀಮರನ್ನು ಕರೆ, ಇಂಥವು. ಅಂದು ಸ್ವಲ್ಪ ಹೊತ್ತು ಅವನ ಕೈ ಆಡುವುದನ್ನೇ ನೋಡಿದರು. ಆ ಕಾರಿನಲ್ಲಿ ತಾವು ಕೂತದ್ದು ಎರಡೇ ಸಲ, ಎರಡೂ ಸಲ ಮಾನ್ವಿಯ ತವರಿಗೆ ಎಂದರು. ಹೈದರಾಬಾದಿನ ದಾರಿ ಹೇಗಿದೆ ಎಂದು ಕೇಳಿದರು. ಕನಕಪ್ಪ ಕೃಷ್ಣಾ ಹೊಳೆಯ ದಾಟು ಹೇಳಿದ, ರಾಯರು ನಿಲ್ಲಿಸಿ ಸಂಧ್ಯಾವಂದನೆ ಮಾಡುತ್ತಿದ್ದ ಬಾವಿ ಹೇಳಿದ, ಅವರು ಸೀತಾಫಲ ಕೊಳ್ಳುತ್ತಿದ್ದ ಊರು ಹೇಳಿದ.

"ದಾರ್ಯಾಗ ಏನು ಮಾತಾಡತಿದ್ರೋ ಕನಕಪ್ಪಾ?" ಎಂದರು ಜಯಾಬಾಯಿ. "ಮನಿಗೆ ಬಂದ್ರ ನನ್ನ ಮುಂದ ಒಂದೂ ಮಾತಿಲ್ಲ. ಎಲ್ಲಾ ಅಲ್ಲೇ ಆಡಿ ಮುಗಿಸಿ ಬರತಾರ ಅಂತಿದ್ದೆ."

ಕನಕಪ್ಪನ ಕೈ ನಿಂತಿತು.

"ಏನೂ ಮಾತಾಡತಿದ್ದಿಲ್ರೀ ಬಾಯಾರ," ಎಂದ. "ಹಿಂದ ಅವರು, ಮುಂದ ನಾ. ಇಬ್ಬರೂ ಸುಮ್ಮ ಕುಂದ್ರತಿದ್ವಿ."

ಆಕೆಯ ಕಣ್ಣು ತುಂಬಿತೋ ಏನೋ, ಅವನು ಆ ಕಡೆ ನೋಡಲಿಲ್ಲ. ಆ ಸೀತಾಫಲದ ಊರಿನ ಹೆಸರು ಇನ್ನೊಮ್ಮೆ ಹೇಳು ಎಂದರು. ಅವನು ಹೇಳಿದ. ಅಲ್ಲಿಂದ ಮುಂದಿನ ಊರುಗಳನ್ನೂ ಒಂದೊಂದಾಗಿ ಹೇಳುತ್ತ ಹೋದ. ಹೊತ್ತು ಕಂತಿ ಹಲಗೆಯ ಅಂಚುಗಳು ಕಾಣದಾಗುವವರೆಗೆ ಆಕೆ ಕಟ್ಟೆಯಿಂದ ಏಳಲಿಲ್ಲ.